ಓದುಗರ ಪ್ರಶ್ನೆ: ಫೆರ್ನಾನ್ ಗೋಮೆಸ್ ನಿರ್ದೇಶಿಸಿದ ಚಿತ್ರಗಳು ಎಲ್ಲಿ ಹೋದವು?

ಪ್ರಶ್ನೆ: 'ಎಲ್ ಎಸ್ಪಿರಿತು ದೆ ಲಾ ಕೊಲ್ಮೆನಾ' (1973) ಚಿತ್ರದಲ್ಲಿ ಜೇನು ಸಾಕುವ ತಂದೆಯಾಗಿ ನಟಿಸಿದ ಫರ್ನಾಂಡೋ ಫೆರ್ನಾನ್ ಗೋಮೆಸ್ ದೊಡ್ಡ ನಿರ್ದೇಶಕ, ಸಾಹಿತಿ ಕೂಡ ಅನ್ನುತ್ತಾರೆ. ಹಾಗಿದ್ದರೆ ಅವರ ಚಿತ್ರಗಳ ಹೆಸರೇ ಯಾಕೆ ಕೇಳಿಬರುವುದಿಲ್ಲ?

ಉತ್ತರ: ಅವರ ಒಳ್ಳೆಯ ಚಿತ್ರಗಳು ತೆರೆಗೆ ಬರಬೇಕಾದ ಹೊತ್ತಿನಲ್ಲಿ ಬರಲೇ ಇಲ್ಲ. ಸ್ಪೇನಿನ ಸರ್ವಾಧಿಕಾರಿ ಫ್ರಾಂಕೊ ಕಾಲದ ಸೆನ್ಸಾರ್ ಮತ್ತು ಹಂಚಿಕೆದಾರರ ಅಂಜಿಕೆ ಅವನ್ನು ಮೂಲೆಗೆ ತಳ್ಳಿದವು.

1963ರಲ್ಲಿ ತಯಾರಾದ 'ಎಲ್ ಮುಂದೊ ಸಿಗೆ' ನೋಡಿ. ಮ್ಯಾಡ್ರಿಡ್‌ನ ಒಂದು ಬಡ ಮನೆ, ಒಬ್ಬರ ಮುಖ ಕಂಡರೆ ಒಬ್ಬರಿಗಾಗದ ಅಕ್ಕತಂಗಿಯರು. ಒಬ್ಬಳ ಗಂಡ ಹೋಟೆಲ್ ಮಾಣಿ. ಕೈಗೆ ಬಂದ ಕಾಸೆಲ್ಲ ಫುಟ್‌ಬಾಲ್ ಬಾಜಿಗೆ ಸುರಿಯುವವನು. ಆ ಪಾತ್ರ ಮಾಡಿದ್ದೂ ಫೆರ್ನಾನ್ ಗೋಮೆಸ್ ಅವರೇ. ಸಂಸಾರವೆಂದರೆ ಪವಿತ್ರ ಎಂದು ಸರ್ಕಾರ ಸಾರುತ್ತಿದ್ದ ದೇಶದಲ್ಲಿ ಮನೆಯೊಳಗಿನ ಹೊಡೆತ, ಹಸಿವು, ದ್ವೇಷವನ್ನು ಇಷ್ಟು ಬಿಚ್ಚಿ ತೋರಿಸಿದರೆ ಯಾರು ಬಿಟ್ಟಾರು? 1965ರಲ್ಲಿ ಬಿಲ್ಬಾವೊದಲ್ಲಿ ಸದ್ದಿಲ್ಲದೆ ತೆರೆಕಂಡು ಮರೆಯಾಯಿತು. ಸ್ಪೇನಿನ ಚಿತ್ರಮಂದಿರಗಳಿಗೆ ಮರಳಿದ್ದು 2015ರಲ್ಲಿ. ನಿರ್ದೇಶಕರು 2007ರಲ್ಲೇ ತೀರಿಕೊಂಡಿದ್ದರು. ಈ ಅನ್ಯಾಯ ನನಗೆ ಇಂದಿಗೂ ನುಂಗಲಾಗದ ತುತ್ತು. 1964ರ 'ಎಲ್ ಎಸ್ತ್ರಾನ್ಯೊ ವಿಯಾಹೆ'ಗೂ ಹೆಚ್ಚುಕಡಿಮೆ ಇದೇ ಗತಿಯಾಯಿತು.

ಹೊಟ್ಟೆಪಾಡಿಗೆ ಬೇರೆಯವರ ಚಿತ್ರಗಳಲ್ಲಿ ನಟಿಸಿದರು. ಜನರ ನೆನಪಿನಲ್ಲಿ ಉಳಿದದ್ದು ಆ ಮುಖ. ಬರವಣಿಗೆಗೆ ಮನ್ನಣೆ ಸಿಕ್ಕಿದ್ದು ಫ್ರಾಂಕೊ ಸತ್ತ ಮೇಲೆ. ಅಂತರ್ಯುದ್ಧದ ಮ್ಯಾಡ್ರಿಡ್‌ನ ಕಥೆ ಹೇಳುವ 'ಸೈಕಲ್ಲುಗಳಿರುವುದು ಬೇಸಿಗೆಗೆ' ನಾಟಕ 1982ರಲ್ಲಿ ರಂಗಕ್ಕೆ ಬಂತು. ಅದರಲ್ಲೊಂದು ದೃಶ್ಯವಿದೆ: ಒಲೆಯ ಮೇಲಿನ ಬೇಳೆ ಊಟದ ಹೊತ್ತಿಗೆ ಕಡಿಮೆಯಾಗಿರುತ್ತದೆ. ಕದ್ದವರು ಯಾರು ಎಂದು ತಾಯಿ ಕೇಳುತ್ತಾಳೆ. ಒಂದೊಂದು ಚಮಚ ತಿಂದೆ ಎಂದು ಮನೆಯವರು ಒಬ್ಬೊಬ್ಬರಾಗಿ ಒಪ್ಪಿಕೊಳ್ಳುತ್ತಾರೆ. ಒಂದು ಗುಂಡಿನ ಸದ್ದೂ ಇಲ್ಲದೆ ಯುದ್ಧದ ಹಸಿವು ಅಲ್ಲಿ ಕಣ್ಣಿಗೆ ಕಟ್ಟುತ್ತದೆ.

1998ರಲ್ಲಿ ಸ್ಪ್ಯಾನಿಷ್ ಭಾಷೆಯ ರಾಯಲ್ ಅಕಾಡೆಮಿ ಅವರನ್ನು ಸದಸ್ಯರನ್ನಾಗಿ ಆರಿಸಿತು.

ನೋಡಲು ಶುರುಮಾಡುವವರು 'ಎಲ್ ವಿಯಾಹೆ ಆ ನಿಂಗುನಾ ಪಾರ್ತೆ' (1986) ಹಿಡಿಯಲಿ. ಊರೂರು ಸುತ್ತುವ ನಾಟಕದವರ ಕಥೆಯಿದು. ಅವರ ಪ್ರೇಕ್ಷಕರನ್ನು ಸಿನಿಮಾ ಕಸಿದುಕೊಳ್ಳುತ್ತಿರುತ್ತದೆ. ಮೊದಲು ರೇಡಿಯೊ ಧಾರಾವಾಹಿ, ಆಮೇಲೆ ಕಾದಂಬರಿ, ಕೊನೆಗೆ ಚಿತ್ರ. ಮೂರೂ ಅವರದೇ ಕೈಬರಹ. ಅವರೇ ಮಾಡಿದ ಮುದಿ ನಟನಿಗೆ ಸಿನಿಮಾದಲ್ಲೊಂದು ಸಣ್ಣ ಪಾತ್ರ ಸಿಗುತ್ತದೆ. ಸಹಜವಾಗಿ ಮಾತಾಡಿ ಎಂದು ಎಷ್ಟು ತಿದ್ದಿದರೂ ಅವನ ಬಾಯಿಂದ ಬರುವುದು ರಂಗದ ಮೇಲಿನ ಎತ್ತರದ ದನಿಯೇ. ಆ ಚಿತ್ರಕ್ಕೆ ಸ್ಪೇನಿನ ಸಿನಿಮಾ ಅಕಾಡೆಮಿ ಕೊಡುವ ಗೋಯಾ ಪ್ರಶಸ್ತಿಗಳ ಮೊದಲ ವರ್ಷದಲ್ಲೇ ಅತ್ಯುತ್ತಮ ಚಿತ್ರ, ನಿರ್ದೇಶನ, ಚಿತ್ರಕಥೆ ಮೂರೂ ಬಂದವು.