ರಿಸರ್ವ್ ಕ್ಲಾಝ್: ಬೇಸ್‌ಬಾಲ್ ಆಟಗಾರನ ಮೇಲೆ ಹಕ್ಕು ಯಾರದು?

ಅಮೆರಿಕದ ವೃತ್ತಿಪರ ಬೇಸ್‌ಬಾಲ್ ಆಟಗಾರರ ಕೊರಳಿಗೆ ಸುಮಾರು ನೂರು ವರ್ಷ ಬಿದ್ದಿದ್ದ ಕುಣಿಕೆಯ ಹೆಸರು ರಿಸರ್ವ್ ಕ್ಲಾಝ್. ಕಾಯ್ದಿರಿಸುವ ಷರತ್ತು ಅನ್ನಬಹುದು. ಆಟಗಾರ ಒಮ್ಮೆ ಒಂದು ತಂಡದ ಕರಾರಿಗೆ ಸಹಿ ಹಾಕಿದನೆಂದರೆ, ಕರಾರಿನ ಅವಧಿ ಮುಗಿದ ಮೇಲೂ ಅವನು ಆ ತಂಡದವನೇ. ಬೇರೆಯವರು ಹೆಚ್ಚು ಸಂಬಳ ಕೊಡುತ್ತೇವೆಂದರೂ ಹೋಗುವಂತಿಲ್ಲ. ಬೇರೆಯವರು ಕರೆಯುವಂತೆಯೂ ಇರಲಿಲ್ಲ. ತಂಡಕ್ಕೆ ಮಾತ್ರ ಎಲ್ಲ ದಾರಿಯೂ ತೆರೆದಿತ್ತು: ಇಟ್ಟುಕೊಳ್ಳಬಹುದು, ಮಾರಬಹುದು, ಇನ್ನೊಬ್ಬನ ಬದಲಿಗೆ ಕೊಡಬಹುದು, ಬೇಡವಾದರೆ ಹತ್ತು ದಿನದ ನೋಟಿಸು ಕೊಟ್ಟು ಮನೆಗೆ ಕಳಿಸಬಹುದು. ಆಟಗಾರನ ಕೈಲಿದ್ದದ್ದು ಒಂದೇ, ಆಟ ಬಿಡುವುದು.

ಐಪಿಎಲ್ ಹರಾಜಿಗೆ ಮುಂಚೆ ತಂಡಗಳು ‘ರಿಟೇನ್’ ಪಟ್ಟಿ ಬಿಡುವುದನ್ನು ನೋಡಿದವರಿಗೆ ಇದು ಪರಿಚಿತ ಅನ್ನಿಸಬಹುದು. ಆದರೆ ಅಲ್ಲಿ ಕೈಬಿಟ್ಟವನು ಹರಾಜಿಗೆ ಬರುತ್ತಾನೆ, ಉಳಿದವರು ಬೆಲೆ ಕೂಗುತ್ತಾರೆ. ರಿಸರ್ವ್ ಷರತ್ತಿನ ಕಾಲದಲ್ಲಿ ಇಡೀ ತಂಡ ಪ್ರತಿ ವರ್ಷವೂ ರಿಟೇನ್ ಆಗುತ್ತಿತ್ತು. ಹರಾಜು ಎಂಬುದೇ ಇರಲಿಲ್ಲ.

ಶುರುವಾದದ್ದು 1879ರಲ್ಲಿ. ನ್ಯಾಷನಲ್ ಲೀಗ್ ಹುಟ್ಟಿ ಆಗ ಮೂರೇ ವರ್ಷ. ಖರ್ಚಿನಲ್ಲಿ ದೊಡ್ಡ ಪಾಲು ಸಂಬಳದ್ದು. ಚೆನ್ನಾಗಿ ಆಡುವವರು ವರ್ಷ ಮುಗಿಯುತ್ತಲೇ ಹೆಚ್ಚು ಕೊಡುವ ಕಡೆಗೆ ಹೊರಟುಬಿಡುತ್ತಿದ್ದರು. ಸೆಪ್ಟೆಂಬರ್ ಕೊನೆಯಲ್ಲಿ ಬಫಲೊ ನಗರದಲ್ಲಿ ಸೇರಿದ ಮಾಲೀಕರು ತಮ್ಮತಮ್ಮಲ್ಲೇ ಗುಟ್ಟಾಗಿ ಮಾತಾಡಿಕೊಂಡರು: ಒಂದೊಂದು ತಂಡ ಐದೈದು ಆಟಗಾರರ ಹೆಸರು ಬರೆದಿಡಲಿ, ಆ ಐವರ ತಂಟೆಗೆ ಉಳಿದವರು ಹೋಗುವುದು ಬೇಡ. ಪಟ್ಟಿಯಲ್ಲಿ ಹೆಸರಿದ್ದರೆ ಮುಂದಿನ ವರ್ಷ ಕೆಲಸ ಖಾತ್ರಿ ಎಂದು ಮೊದಮೊದಲು ಖುಷಿಪಟ್ಟ ಆಟಗಾರರೂ ಇದ್ದರು. ಐದು ಹನ್ನೊಂದಾಯಿತು, ಹನ್ನೊಂದು ಹದಿನಾಲ್ಕಾಯಿತು, ಕೊನೆಗೆ ತಂಡದಲ್ಲಿದ್ದವರೆಲ್ಲ ಪಟ್ಟಿಯೊಳಗೆ ಬಂದರು. ಗುಟ್ಟಿನ ಒಪ್ಪಂದ ಕರಾರಿನ ಅಚ್ಚು ಕಾಗದಕ್ಕೂ ಏರಿತು.

ಮಾಲೀಕರು ಕೊಡುತ್ತಿದ್ದ ಸಮರ್ಥನೆ ನೂರು ವರ್ಷವೂ ಬದಲಾಗಲಿಲ್ಲ. ಆಟಗಾರರನ್ನು ಅವರಿಷ್ಟಕ್ಕೆ ಬಿಟ್ಟರೆ ದುಡ್ಡಿರುವ ನಾಲ್ಕು ತಂಡಗಳು ಒಳ್ಳೆಯವರನ್ನೆಲ್ಲ ಬಾಚಿಕೊಳ್ಳುತ್ತವೆ, ಸಣ್ಣ ಊರಿನ ತಂಡಗಳು ಮುಳುಗುತ್ತವೆ, ಪೈಪೋಟಿಯೇ ಇಲ್ಲದ ಆಟವನ್ನು ನೋಡಲು ಯಾರು ಬರುತ್ತಾರೆ? ಕೇಳಲು ಸಮಂಜಸವಾಗಿಯೇ ಇದೆ. ಆದರೆ ಇದೇ ಷರತ್ತು ಪೂರ್ತಿ ಜಾರಿಯಲ್ಲಿದ್ದ 1921ರಿಂದ 1964ರವರೆಗೆ ನ್ಯೂಯಾರ್ಕ್ ಯಾಂಕೀಸ್ 29 ಬಾರಿ ತನ್ನ ಲೀಗ್ ಗೆದ್ದಿತು, ಎರಡು ಲೀಗ್‌ಗಳ ವಿಜೇತರ ನಡುವಿನ ಅಂತಿಮ ಸರಣಿಯಾದ ವರ್ಲ್ಡ್ ಸೀರೀಸನ್ನು 20 ಬಾರಿ ಗೆದ್ದಿತು. ದುಡ್ಡಿದ್ದ ತಂಡ ಆಗಲೂ ಆಟಗಾರರನ್ನು ಕೊಳ್ಳುತ್ತಿತ್ತು. ಆ ದುಡ್ಡು ಆಟಗಾರನಿಗೆ ಸೇರುವ ಬದಲು ಅವನನ್ನು ಮಾರಿದ ಮಾಲೀಕನ ಜೇಬಿಗೆ ಹೋಗುತ್ತಿತ್ತು, ಅಷ್ಟೇ ವ್ಯತ್ಯಾಸ. ಬೇಬ್ ರೂತ್ ಅವರನ್ನು ಬಾಸ್ಟನ್ ತಂಡ ಯಾಂಕೀಸ್‌ಗೆ ಮಾರಿದ್ದು ಹಾಗೆಯೇ.

ಮೊದಲ ದೊಡ್ಡ ವಿರೋಧ ಆಟಗಾರರ ಒಳಗಿನಿಂದಲೇ ಬಂತು. ಜಾನ್ ಮಾಂಟ್ಗೊಮರಿ ವಾರ್ಡ್ ನ್ಯೂಯಾರ್ಕ್ ತಂಡದ ಆಟಗಾರ, ಆಡುತ್ತಲೇ ಕಾನೂನು ಓದಿದವರು. 1885ರಲ್ಲಿ ಆಟಗಾರರ ಸಂಘ ಕಟ್ಟಿದರು. 1887ರಲ್ಲಿ ಬರೆದ ಲೇಖನದಲ್ಲಿ ಬೇಸ್‌ಬಾಲ್ ಆಟಗಾರನೇನು ಚರಾಸ್ತಿಯೇ ಎಂದು ಕೇಳಿದರು. ಓಡಿಹೋದ ಗುಲಾಮರನ್ನು ಹಿಡಿದು ಒಡೆಯನಿಗೇ ಒಪ್ಪಿಸುತ್ತಿದ್ದ ಹಳೆಯ ಕಾನೂನಿಗೆ ಈ ಷರತ್ತನ್ನು ಹೋಲಿಸಿದರು. 1890ರಲ್ಲಿ ಆಟಗಾರರೇ ಒಂದು ಪ್ರತ್ಯೇಕ ಲೀಗ್ ನಡೆಸಿದರು. ಅದು ಒಂದೇ ವರ್ಷಕ್ಕೆ ಮುಚ್ಚಿತು.

ವಾರ್ಡ್ ಗುಲಾಮಗಿರಿಯ ಹೋಲಿಕೆ ಕೊಟ್ಟ 1887ರಲ್ಲೇ ಇನ್ನೊಂದು ಸಂಗತಿ ನಡೆಯಿತು. ಪ್ರಮುಖ ಮೈನರ್ ಲೀಗ್ (ಮೇಲ್ದರ್ಜೆಯ ಮೇಜರ್ ಲೀಗ್‌ಗಳಿಗಿಂತ ಕೆಳಗಿನ ದರ್ಜೆಯದು) ಆಗಿದ್ದ ಇಂಟರ್‌ನ್ಯಾಷನಲ್ ಲೀಗ್, ಇನ್ನು ಮುಂದೆ ಕಪ್ಪು ಆಟಗಾರರಿಗೆ ಹೊಸ ಕರಾರು ಕೊಡುವುದಿಲ್ಲ ಎಂದು ತೀರ್ಮಾನಿಸಿತು. ಬಿಳಿಯ ಆಟಗಾರರು ತಮ್ಮನ್ನು ಗುಲಾಮರೆಂದು ಕರೆದುಕೊಳ್ಳುತ್ತಿದ್ದ ಹೊತ್ತಿಗೆ, ನಿಜವಾದ ಗುಲಾಮರ ಮಕ್ಕಳು ಮೈದಾನದಿಂದಲೇ ಆಚೆಗೆ ಬಿದ್ದರು. ಅಮೆರಿಕದ ಕ್ರೀಡೆಯಲ್ಲಿ ದುಡಿಮೆಯ ಪ್ರಶ್ನೆ ಮತ್ತು ಬಣ್ಣದ ಪ್ರಶ್ನೆ ಹೀಗೆ ಅಕ್ಕಪಕ್ಕದಲ್ಲೇ ಇದ್ದವು. ಒಂದನ್ನೊಂದು ಮುಖ ಕೊಟ್ಟು ನೋಡಲು ಎಂಬತ್ತು ವರ್ಷಕ್ಕೂ ಹೆಚ್ಚು ಬೇಕಾಯಿತು.

ನಡುವೆ ಕೋರ್ಟಿನ ಕತೆಯೊಂದಿದೆ. ಪೈಪೋಟಿಯನ್ನು ಕೊಲ್ಲುವ ವ್ಯಾಪಾರಿ ಒಳಒಪ್ಪಂದಗಳನ್ನು 1890ರ ಶರ್ಮನ್ ಕಾಯ್ದೆ ನಿಷೇಧಿಸಿತ್ತು. ಬೇಸ್‌ಬಾಲ್ ಮಾಲೀಕರ ಕೂಟ ಅದಕ್ಕೆ ಪಾಠಪುಸ್ತಕದ ಉದಾಹರಣೆ. ಆದರೆ 1922ರಲ್ಲಿ ಬಾಲ್ಟಿಮೋರಿನ ಒಂದು ಕ್ಲಬ್ ಹಾಕಿದ ದಾವೆಯಲ್ಲಿ ಸುಪ್ರೀಂ ಕೋರ್ಟ್ ಒಮ್ಮತದಿಂದ ಹೇಳಿದ್ದೇ ಬೇರೆ. ಆಟದ ಪ್ರದರ್ಶನ ಆಯಾ ರಾಜ್ಯದೊಳಗೆ ನಡೆಯುವ ವ್ಯವಹಾರ, ಅದನ್ನು ಅಂತರರಾಜ್ಯ ವಾಣಿಜ್ಯ ಎನ್ನಲಾಗದು ಎಂದು ನ್ಯಾಯಮೂರ್ತಿ ಆಲಿವರ್ ವೆಂಡಲ್ ಹೋಮ್ಸ್ ಬರೆದರು. ತಂಡಗಳು ರೈಲು ಹತ್ತಿ ರಾಜ್ಯದಿಂದ ರಾಜ್ಯಕ್ಕೆ ಓಡಾಡುತ್ತಿದ್ದ ಕಾಲದಲ್ಲಿ! 1953ರಲ್ಲಿ ಆಟಗಾರನೊಬ್ಬ ಕೇಳಿದಾಗಲೂ ಕೋರ್ಟ್ ಹಳೆಯದನ್ನೇ ಎತ್ತಿಹಿಡಿಯಿತು. 1957ರಲ್ಲಿ ಅಮೆರಿಕನ್ ಫುಟ್‌ಬಾಲ್‌ಗೆ ಮಾತ್ರ ಈ ವಿನಾಯಿತಿ ಇಲ್ಲವೆಂದಿತು. ಅದೇ ನಮೂನೆಯ ವ್ಯಾಪಾರಕ್ಕೆ ಎರಡು ನ್ಯಾಯ ಯಾಕೆ ಎನ್ನುವುದಕ್ಕೆ ಒಪ್ಪುವಂಥ ಉತ್ತರ ಯಾವ ತೀರ್ಪಿನಲ್ಲೂ ಸಿಗುವುದಿಲ್ಲ.

1947ರ ಏಪ್ರಿಲ್ 15ರಂದು ಜ್ಯಾಕಿ ರಾಬಿನ್‌ಸನ್ ಬ್ರೂಕ್ಲಿನ್ ಡಾಡ್ಜರ್ಸ್ ಪರ ಮೈದಾನಕ್ಕಿಳಿದು ಬಣ್ಣದ ಗೋಡೆ ಒಡೆದ ಕತೆ ಎಲ್ಲರಿಗೂ ಗೊತ್ತು. ಅಷ್ಟಾಗಿ ಹೇಳದಿರುವ ಭಾಗವೆಂದರೆ, ರಾಬಿನ್‌ಸನ್ 1945ರಲ್ಲಿ ಆಡುತ್ತಿದ್ದ ಕಪ್ಪು ಆಟಗಾರರ ತಂಡವಾದ ಕ್ಯಾನ್ಸಸ್ ಸಿಟಿ ಮೊನಾರ್ಕ್ಸ್‌ಗೆ ಡಾಡ್ಜರ್ಸ್ ಒಂದು ಡಾಲರೂ ಕೊಡಲಿಲ್ಲ. ಬಿಳಿಯ ಮಾಲೀಕರು ಪರಸ್ಪರರ ಪಟ್ಟಿಯನ್ನು ದೇವರ ಮಾತಿನಂತೆ ಪಾಲಿಸುತ್ತಿದ್ದರು, ನೀಗ್ರೊ ಲೀಗ್‌ಗಳ ಕರಾರಿಗೆ ಮಾತ್ರ ಕವಡೆ ಕಿಮ್ಮತ್ತಿರಲಿಲ್ಲ. ಒಳಗೆ ಬಂದ ರಾಬಿನ್‌ಸನ್ ಕೂಡ ಪಟ್ಟಿಯ ಹೆಸರೇ ಆದರು. 1956ರ ಡಿಸೆಂಬರಿನಲ್ಲಿ ಡಾಡ್ಜರ್ಸ್ ಅವರನ್ನು ಬದ್ಧ ವೈರಿ ಜೈಂಟ್ಸ್‌ಗೆ ಟ್ರೇಡ್ ಮಾಡಿತು, ಅಂದರೆ ವಿನಿಮಯದಲ್ಲಿ ಕೊಟ್ಟುಬಿಟ್ಟಿತು. ಅವರು ಅಲ್ಲಿಗೆ ಹೋಗದೆ ನಿವೃತ್ತರಾದರು.

ಈಗ ಕರ್ಟ್ ಫ್ಲಡ್. 1938ರಲ್ಲಿ ಹ್ಯೂಸ್ಟನ್‌ನಲ್ಲಿ ಹುಟ್ಟಿ ಓಕ್ಲೆಂಡ್‌ನಲ್ಲಿ ಬೆಳೆದ ಕಪ್ಪು ಹುಡುಗ. ಮೈನರ್ ಲೀಗ್ ಆಡಲು ದಕ್ಷಿಣದ ರಾಜ್ಯಗಳಿಗೆ ಹೋದಾಗ ನಡೆದದ್ದನ್ನು ಅವರೇ ಮುಂದೆ ಹೇಳಿಕೊಂಡಿದ್ದಾರೆ. ಒಂದೇ ದಿನ ಎರಡು ಪಂದ್ಯ. ಮೊದಲನೆಯದು ಮುಗಿದ ಮೇಲೆ ಬೆವರಿನಲ್ಲಿ ತೊಯ್ದ ಸಮವಸ್ತ್ರವನ್ನು ಎಲ್ಲರಂತೆ ಬಟ್ಟೆ ರಾಶಿಗೆ ಎಸೆದರು. ಬಟ್ಟೆ ನೋಡಿಕೊಳ್ಳುವವನು ಕೂಗಾಡಿ, ಉದ್ದನೆಯ ಕೋಲು ತಂದು ಫ್ಲಡ್ ಅವರ ಬಟ್ಟೆಯನ್ನು ಮಾತ್ರ ಅದರ ತುದಿಯಲ್ಲಿ ಎತ್ತಿ, ಊರಾಚೆ ಕಪ್ಪು ಜನರ ಬಟ್ಟೆ ಒಗೆಯುವ ಅಂಗಡಿಗೆ ಕಳಿಸಿದ. ಮೈಲಿಗೆ! ಎರಡನೆಯ ಪಂದ್ಯಕ್ಕೆ ತಂಡ ಮೈದಾನಕ್ಕಿಳಿದಾಗ ಫ್ಲಡ್ ಮೈಮೇಲೆ ಬಟ್ಟೆಯಿಲ್ಲದೆ ಒಳಗೆ ಕೂತಿದ್ದರು.

ಅದೇ ಫ್ಲಡ್ ಸೇಂಟ್ ಲೂಯಿಸ್ ಕಾರ್ಡಿನಲ್ಸ್ ತಂಡದಲ್ಲಿ ಹನ್ನೆರಡು ವರ್ಷ ಸೆಂಟರ್ ಫೀಲ್ಡರ್ ಆದರು. ಸತತ ಏಳು ಬಾರಿ ಒಳ್ಳೆಯ ಫೀಲ್ಡಿಂಗ್‌ಗೆ ಕೊಡುವ ಗೋಲ್ಡ್ ಗ್ಲೌ ಪ್ರಶಸ್ತಿ, ಎರಡು ವರ್ಲ್ಡ್ ಸೀರೀಸ್, ವರ್ಷಕ್ಕೆ 90,000 ಡಾಲರ್ ಸಂಬಳ. 1969ರ ಅಕ್ಟೋಬರಿನ ಒಂದು ಬೆಳಗಿನ ಜಾವ ತಂಡದ ಕಚೇರಿಯಿಂದ ಫೋನ್ ಬಂತು. ನಿಮ್ಮನ್ನು ಫಿಲಡೆಲ್ಫಿಯಾಕ್ಕೆ ಕೊಟ್ಟಿದ್ದೇವೆ ಎಂಬುದಷ್ಟೇ ಮಾತು. ಫೋನ್ ಮಾಡಿದವನು ದೊಡ್ಡ ಅಧಿಕಾರಿಯೂ ಅಲ್ಲ. ಆ ವರ್ಷ ಡಿಸೆಂಬರ್ 24ರಂದು ಫ್ಲಡ್ ಲೀಗ್‌ಗಳ ಆಡಳಿತದ ಮುಖ್ಯಸ್ಥರಾದ ಬೇಸ್‌ಬಾಲ್ ಕಮಿಷನರ್ ಬೋವಿ ಕ್ಯೂನ್ ಅವರಿಗೆ ಪತ್ರ ಬರೆದರು: ಹನ್ನೆರಡು ವರ್ಷ ಆಡಿದ ಮೇಲೆ, ನನ್ನ ಇಷ್ಟಾನಿಷ್ಟ ಕೇಳದೆ ಕೊಂಡು ಮಾರುವ ಸ್ವತ್ತು ನಾನೆಂದು ನನಗೆ ಅನ್ನಿಸುತ್ತಿಲ್ಲ.

ಆಟಗಾರರ ಸಂಘದ ಮುಖ್ಯಸ್ಥರಾಗಿದ್ದವರು ಮಾರ್ವಿನ್ ಮಿಲ್ಲರ್. ಉಕ್ಕು ಕಾರ್ಮಿಕರ ಯೂನಿಯನ್ನಿನ ಅರ್ಥಶಾಸ್ತ್ರಜ್ಞರಾಗಿದ್ದು 1966ರಲ್ಲಿ ಬೇಸ್‌ಬಾಲ್‌ಗೆ ಬಂದವರು. ಅವರು ಬಂದಾಗ ಆಟಗಾರರ ಕನಿಷ್ಠ ಸಂಬಳ ವರ್ಷಕ್ಕೆ 6,000 ಡಾಲರ್. ಹಿಂದಿನ ಇಪ್ಪತ್ತು ವರ್ಷದಲ್ಲಿ ಏರಿದ್ದು ಒಂದು ಸಾವಿರ. ಮಿಲ್ಲರ್ ಫ್ಲಡ್ ಅವರಿಗೆ ಮುಚ್ಚುಮರೆಯಿಲ್ಲದೆ ಹೇಳಿದರು: ಬಹುಶಃ ಸೋಲುತ್ತೀರಿ, ಗೆದ್ದರೂ ಲಾಭ ಬೇರೆಯವರಿಗೆ, ಈ ಆಟದಲ್ಲಿ ನಿಮಗೆ ಮತ್ತೆ ಕೆಲಸ ಸಿಗುವುದಿಲ್ಲ. ಪೋರ್ಟೊ ರಿಕೊದಲ್ಲಿ ಸೇರಿದ ತಂಡಗಳ ಪ್ರತಿನಿಧಿಗಳ ಸಭೆಯಲ್ಲಿ ಒಬ್ಬ ಬಿಳಿಯ ಆಟಗಾರ ನೇರವಾಗಿ ಕೇಳಿದ, ನೀವು ಕಪ್ಪು ಮನುಷ್ಯ ಅನ್ನುವುದೂ ಇದಕ್ಕೊಂದು ಕಾರಣವೇ ಎಂದು. ತಾನು ಕಂಡದ್ದು ತನ್ನನ್ನು ಹೆಚ್ಚು ಸೂಕ್ಷ್ಮ ಮಾಡಿರಬಹುದು, ಆದರೆ ಮೊಕದ್ದಮೆ ಹೂಡುತ್ತಿರುವುದು ಆಟಗಾರನಾಗಿ ಎನ್ನುವ ಅರ್ಥದ ಉತ್ತರ ಕೊಟ್ಟರು ಫ್ಲಡ್. ಸಭೆ ಒಮ್ಮತದಿಂದ ಬೆಂಬಲಿಸಿತು.

ಟೀವಿ ಸಂದರ್ಶನದಲ್ಲಿ, ವರ್ಷಕ್ಕೆ 90,000 ಡಾಲರ್ ಗುಲಾಮನ ಕೂಲಿಯೇನಲ್ಲವಲ್ಲ ಎಂದು ಕೇಳಿದ್ದಕ್ಕೆ ಅವರು ಕೊಟ್ಟ ಉತ್ತರ ಪ್ರಸಿದ್ಧ: ಒಳ್ಳೆ ಸಂಬಳ ಪಡೆಯುವ ಗುಲಾಮನೂ ಗುಲಾಮನೇ. ಈ ಮಾತಿಗೆ ದೇಶದ ತುಂಬ ಸಿಟ್ಟು ಬಂತು. ಅಷ್ಟು ಸಂಪಾದಿಸುವವನ ಬಾಯಲ್ಲಿ ಈ ಮಾತೇ ಎಂದರು ಜನ. ವಾರ್ಡ್ ಇದೇ ಹೋಲಿಕೆ ಬರೆದು ಎಂಬತ್ತು ವರ್ಷ ದಾಟಿತ್ತು. ಅದನ್ನು ಹೇಳುವವನ ಬಣ್ಣ ಬದಲಾದಾಗ ಮಾತಿನ ತೂಕವೂ ಬದಲಾಯಿತು ಅಂತಲೇ ನನಗನ್ನಿಸುತ್ತದೆ.

1970ರ ಮೇ ತಿಂಗಳಲ್ಲಿ ನ್ಯೂಯಾರ್ಕಿನಲ್ಲಿ ವಿಚಾರಣೆ ನಡೆಯಿತು. ರಾಬಿನ್‌ಸನ್ ಬಂದು ಫ್ಲಡ್ ಪರ ಸಾಕ್ಷಿ ಹೇಳಿದರು. ಆಗ ಆಡುತ್ತಿದ್ದ ಆಟಗಾರರಲ್ಲಿ ಒಬ್ಬರೂ ಕೋರ್ಟಿನ ಕಡೆ ತಲೆಹಾಕಲಿಲ್ಲ. ಮಾಲೀಕರ ಭಯ ಅಂಥದ್ದು. 1972ರ ಜೂನ್ 19ರಂದು ಸುಪ್ರೀಂ ಕೋರ್ಟ್ 5-3ರಲ್ಲಿ ಫ್ಲಡ್ ವಿರುದ್ಧ ತೀರ್ಪಿತ್ತಿತು. ಕಾರ್ಡಿನಲ್ಸ್ ತಂಡದ ಒಡೆತನವಿದ್ದ ಬಿಯರ್ ಕಂಪನಿಯ ಷೇರು ತಮ್ಮಲ್ಲಿದೆ ಎಂದು ಒಬ್ಬ ನ್ಯಾಯಮೂರ್ತಿ ಹಿಂದೆ ಸರಿದಿದ್ದರು. ತೀರ್ಪು ಬರೆದ ಹ್ಯಾರಿ ಬ್ಲ್ಯಾಕ್‌ಮನ್ ಆರಂಭದಲ್ಲಿ ಬೇಸ್‌ಬಾಲಿನ ಹಳೆಯ ಹೀರೊಗಳ ಹೆಸರುಗಳನ್ನು ಸಾಲುಸಾಲಾಗಿ ಪಟ್ಟಿ ಮಾಡಿ ಆಟದ ಗುಣಗಾನ ಹಾಡಿದ್ದಾರೆ. ಜೊತೆಗಿದ್ದ ಇಬ್ಬರು ನ್ಯಾಯಮೂರ್ತಿಗಳೇ ಆ ಭಾಗಕ್ಕೆ ಸಹಿ ಹಾಕಲು ಒಪ್ಪಲಿಲ್ಲ. ಆಮೇಲೆ, ಈ ವಿನಾಯಿತಿ ಅಸಂಗತವೇ ಹೌದು, ಆದರೆ ತಿದ್ದಬೇಕಾದದ್ದು ಕಾಂಗ್ರೆಸ್ (ಅಮೆರಿಕದ ಸಂಸತ್ತು) ಎಂದು ಕೈತೊಳೆದುಕೊಂಡರು. ಫ್ಲಡ್ 1971ರಲ್ಲಿ ವಾಷಿಂಗ್ಟನ್ ತಂಡದಲ್ಲಿ 13 ಪಂದ್ಯವಷ್ಟೇ ಆಡಿ ಬಿಟ್ಟಿದ್ದರು. ಮತ್ತೆ ಆಡಲಿಲ್ಲ.

ಫ್ಲಡ್ ಗೆದ್ದುಕೊಟ್ಟ ಸ್ವಾತಂತ್ರ್ಯ ಎಂದು ಈಚೆಗೆ ಸುಲಭವಾಗಿ ಬರೆಯುತ್ತಾರೆ. ಅವರು ಗೆಲ್ಲಲಿಲ್ಲ. ಷರತ್ತು ಮುರಿದದ್ದು ಬೇರೆ ಬಾಗಿಲಿನಿಂದ. ಮೊಕದ್ದಮೆ ನಡೆಯುತ್ತಿದ್ದಾಗಲೇ, 1970ರ ಒಪ್ಪಂದದಲ್ಲಿ ಮಿಲ್ಲರ್ ಒಂದು ಸಂಗತಿ ದಕ್ಕಿಸಿಕೊಂಡಿದ್ದರು: ಕರಾರಿನ ತಕರಾರುಗಳನ್ನು ಕಮಿಷನರ್ ಬದಲು ಸ್ವತಂತ್ರ ಮಧ್ಯಸ್ಥಗಾರ ತೀರ್ಮಾನಿಸಬೇಕು. ಇಡೀ ವ್ಯವಸ್ಥೆ ನಿಂತಿದ್ದದ್ದು ಕರಾರಿನ 10ಎ ಎಂಬ ಪ್ಯಾರಾದ ಮೇಲೆ. ಮಾರ್ಚ್ 1ರೊಳಗೆ ಸಂಬಳ ಒಪ್ಪಿಗೆಯಾಗದಿದ್ದರೆ ತಂಡವು ಕರಾರನ್ನು ಅವೇ ಷರತ್ತುಗಳ ಮೇಲೆ ‘ಒಂದು ವರ್ಷ’ ನವೀಕರಿಸಬಹುದು ಎಂದು ಅದರಲ್ಲಿತ್ತು. ನವೀಕರಣವಾದ ಕರಾರಿನಲ್ಲೂ ಅದೇ ಪ್ಯಾರಾ ಇರುತ್ತದೆ, ಆದ್ದರಿಂದ ಮತ್ತೆ ನವೀಕರಿಸಬಹುದು, ಮತ್ತೆ, ಮತ್ತೆ, ಆಟಗಾರ ಮುದುಕನಾಗುವವರೆಗೆ: ಇದು ಮಾಲೀಕರ ಓದು. ಒಂದು ವರ್ಷ ಅಂದರೆ ಒಂದೇ ವರ್ಷ ಎಂಬುದು ಮಿಲ್ಲರ್ ಓದು.

ಪರೀಕ್ಷಿಸಲು, ಸಹಿ ಹಾಕದೆ ವರ್ಷಪೂರ್ತಿ ಕಳೆಯುವ ಆಟಗಾರ ಬೇಕಿತ್ತು. 1975ರಲ್ಲಿ ಡಾಡ್ಜರ್ಸ್ ತಂಡದ ಪಿಚರ್ ಆ್ಯಂಡಿ ಮೆಸ್ಸರ್‌ಸ್ಮಿತ್ ಹಾಗೆ ಆಡಿದರು. ತನ್ನನ್ನು ಕೇಳದೆ ಟ್ರೇಡ್ ಮಾಡಬಾರದೆಂಬ ಮಾತು ಕರಾರಿನಲ್ಲಿ ಬರಲಿ ಎಂದಿದ್ದರು, ತಂಡ ಒಪ್ಪಲಿಲ್ಲ. ಅದೇ ವರ್ಷ ಸಹಿ ಹಾಕದೆಯೇ ಇದ್ದು ನಡುವೆ ಆಟ ಬಿಟ್ಟಿದ್ದ ಡೇವ್ ಮೆಕ್‌ನ್ಯಾಲಿ ಅವರನ್ನೂ ಸಂಘ ಜೊತೆಗೆ ಸೇರಿಸಿಕೊಂಡಿತು. ಮೆಕ್‌ನ್ಯಾಲಿ ತಂಡದ ಮುಖ್ಯಸ್ಥರು ಅವರ ಊರಾದ ಮೊಂಟಾನಾದ ಬಿಲಿಂಗ್ಸ್‌ನವರೆಗೆ ಹೋಗಿ ದುಡ್ಡಿನ ಆಸೆ ತೋರಿಸಿದರೂ ಮೆಕ್‌ನ್ಯಾಲಿ ಸಹಿ ಹಾಕಲಿಲ್ಲ. 1975ರ ಡಿಸೆಂಬರ್ 23ರಂದು ಮಧ್ಯಸ್ಥಗಾರ ಪೀಟರ್ ಸೈಟ್ಜ್ ತೀರ್ಪು ಕೊಟ್ಟರು: ಒಂದು ವರ್ಷ ಅಂದರೆ ಒಂದೇ ವರ್ಷ. ಮಾಲೀಕರು ಸೈಟ್ಜ್ ಅವರನ್ನು ಕೂಡಲೇ ಕೆಲಸದಿಂದ ತೆಗೆದರು. ತೀರ್ಪು ಮಾತ್ರ ಕೋರ್ಟಿನಲ್ಲೂ ಉಳಿಯಿತು.

ಆಮೇಲಿನ ಮಾತುಕತೆಯಲ್ಲಿ ಮಿಲ್ಲರ್ ಜಾಣತನ ಮೆರೆದರು. ಪ್ರತಿ ವರ್ಷ ಎಲ್ಲ ಆಟಗಾರರನ್ನೂ ಬಿಟ್ಟುಬಿಡೋಣ ಎಂದು ಓಕ್ಲೆಂಡ್ ತಂಡದ ಮಾಲೀಕ ಚಾರ್ಲಿ ಫಿನ್ಲಿ ಸೂಚಿಸಿದ್ದರು. ಮಾರುಕಟ್ಟೆಗೆ ನೂರಾರು ಜನ ಒಟ್ಟಿಗೆ ಬಂದರೆ ಬೆಲೆ ನೆಲಕಚ್ಚುತ್ತದೆಂದು ಮಿಲ್ಲರ್‌ಗೆ ಒಳಗೊಳಗೇ ಅದೇ ದಿಗಿಲಿತ್ತು. ಉಳಿದ ಮಾಲೀಕರು ಫಿನ್ಲಿ ಮಾತಿಗೆ ಕಿವಿಗೊಡಲಿಲ್ಲ. ಆರು ವರ್ಷ ಆಡಿದವರು ಫ್ರೀ ಏಜೆಂಟ್, ಅಂದರೆ ಇಷ್ಟಬಂದ ತಂಡ ಸೇರಬಹುದು, ಎಂದು 1976ರಲ್ಲಿ ಒಪ್ಪಂದವಾಯಿತು. 1975ರಲ್ಲಿ ಸುಮಾರು 45,000 ಡಾಲರ್ ಇದ್ದ ಸರಾಸರಿ ಸಂಬಳ 1980ಕ್ಕೆ 1,40,000 ದಾಟಿತು. ಬೇಸ್‌ಬಾಲ್ ಮುಳುಗಲಿಲ್ಲ. ಬ್ಯಾಸ್ಕೆಟ್‌ಬಾಲ್‌ನಲ್ಲಿ ಆಸ್ಕರ್ ರಾಬರ್ಟ್‌ಸನ್ ಹೂಡಿದ್ದ ಮೊಕದ್ದಮೆಯೂ 1976ರಲ್ಲೇ ರಾಜಿಯಾಗಿ ಆಟಗಾರರಿಗೆ ದಾರಿ ತೆರೆಯಿತು. ಫುಟ್‌ಬಾಲ್ 1993ರವರೆಗೆ ಎಳೆದಾಡಿತು. ಕಾಲೇಜು ಕ್ರೀಡಾಪಟುಗಳು ತಮ್ಮ ಹೆಸರು, ಮುಖ ಬಳಸಿ ದುಡಿಯಲು ಕಾಲೇಜು ಕ್ರೀಡಾ ಸಂಸ್ಥೆ ಒಪ್ಪಿದ್ದು 2021ರಲ್ಲಿ.

ಫ್ಲಡ್ 1997ರ ಜನವರಿಯಲ್ಲಿ ತೀರಿಕೊಂಡರು. ಮರುವರ್ಷ ಕಾಂಗ್ರೆಸ್ ಅವರ ಹೆಸರಿನಲ್ಲೇ ಕಾಯ್ದೆ ತಂದು, ಮೇಜರ್ ಲೀಗ್ ಆಟಗಾರರ ಉದ್ಯೋಗದ ಮಟ್ಟಿಗೆ 1922ರ ವಿನಾಯಿತಿಯನ್ನು ತೆಗೆದುಹಾಕಿತು. ಮೈನರ್ ಲೀಗಿನವರನ್ನು ಅದು ಒಳಗೊಳ್ಳಲಿಲ್ಲ. ಅವರು ಸಂಘಕ್ಕೆ ಸೇರಿದ್ದು 2022ರಲ್ಲಿ.

ರಿಸರ್ವ್ ಷರತ್ತಿನ ತುಂಡೊಂದು ಮೇಜರ್ ಲೀಗಿನಲ್ಲಿ ಇನ್ನೂ ಉಳಿದಿದೆ: ಮೊದಲ ಆರು ವರ್ಷ ಆಟಗಾರ ತಂಡದ ಹಿಡಿತದಲ್ಲೇ ಇರುತ್ತಾನೆ, ಮತ್ತು ಆ ಲೆಕ್ಕದಲ್ಲಿ ವರ್ಷ ಅಂದರೆ 172 ದಿನ. 2015ರಲ್ಲಿ ಶಿಕಾಗೊ ಕಬ್ಸ್ ತನ್ನ ಹೊಸ ಪ್ರತಿಭೆ ಕ್ರಿಸ್ ಬ್ರ್ಯಾಂಟ್ ಅವರನ್ನು ಸೀಸನ್ ಶುರುವಾದ ಮೇಲೆ ಕೆಲವು ದಿನ ತಡೆದು ಮೇಜರ್ ಲೀಗಿಗೆ ಕರೆಯಿತು. ವರ್ಷದ ಕೊನೆಗೆ ಲೆಕ್ಕ ನೋಡಿದರೆ 171 ದಿನ. ಬ್ರ್ಯಾಂಟ್ ದೂರು ಕೊಟ್ಟರು. 2020ರಲ್ಲಿ ಮಧ್ಯಸ್ಥಗಾರ ತಂಡದ ಪರ ತೀರ್ಪಿತ್ತರು. ಅವರು ಫ್ರೀ ಏಜೆಂಟ್ ಆಗಲು ಇನ್ನೊಂದು ಪೂರ್ತಿ ಸೀಸನ್ ಆಡಬೇಕಾಯಿತು.