ಕೇಬಲ್ ಇಲ್ಲದೆ ಹಾಕಿ ನೋಡುವ ಪಾಡು: ಐವತ್ತು ವರ್ಷದ ಹಳೇ ಕತೆ

ಏಪ್ರಿಲ್ ಮೂರನೇ ವಾರ ಬಂತೆಂದರೆ ನಮ್ಮ ನ್ಯೂಜೆರ್ಸಿ ಗೆಳೆಯರ ವಾಟ್ಸ್ಆ್ಯಪ್ ಗುಂಪಿನಲ್ಲಿ ದಿನಾ ಸಂಜೆ ಒಂದೇ ಪ್ರಶ್ನೆ. "ಇವತ್ತಿನ ಮ್ಯಾಚ್ ಯಾವುದರಲ್ಲಿ ಬರುತ್ತೆ?" ಯಾರು ಆಡುತ್ತಿದ್ದಾರೆ ಅಂತ ಅಲ್ಲ, ಯಾರು ಗೆಲ್ಲಬಹುದು ಅಂತಲೂ ಅಲ್ಲ. ಒಬ್ಬ ಒಂದು ಆ್ಯಪ್ ಹೆಸರು ಹೇಳುತ್ತಾನೆ, ಇನ್ನೊಬ್ಬಳು "ಅದರಲ್ಲಿ ಇಲ್ಲ ಕಣೋ, ನಿನ್ನೆ ಇತ್ತು" ಅನ್ನುತ್ತಾಳೆ, ಮೂರನೆಯವನು ಎಲ್ಲಿಂದಲೋ ಒಂದು ಕಳ್ಳ ಲಿಂಕ್ ತಂದು ಹಾಕುತ್ತಾನೆ. ಅಷ್ಟರಲ್ಲಿ ಮೊದಲ ಗೋಲು ಆಗಿಹೋಗಿರುತ್ತದೆ.

ಹಾಕಿ ಅಂದರೆ ಇಲ್ಲಿ ಐಸ್ ಹಾಕಿ. ಕೊಡಗಿನವರು ಕ್ಷಮಿಸಬೇಕು, ಈ ಊರಲ್ಲಿ ಬರೀ 'ಹಾಕಿ' ಅಂದರೆ ಮಂಜುಗಡ್ಡೆ ಮೇಲೆ ಆಡುವುದೇ. ಎನ್‌ಎಚ್‌ಎಲ್ ಅನ್ನುವ ಲೀಗಿನಲ್ಲಿ ಅಮೆರಿಕ, ಕೆನಡಾ ಎರಡೂ ಸೇರಿ 32 ತಂಡಗಳಿವೆ. ಪ್ಲೇಆಫ್‌ಗೆ ಬರುವುದು 16. ನಾಲ್ಕು ಸುತ್ತು, ಪ್ರತಿ ಸುತ್ತಿನಲ್ಲೂ ಮೊದಲು ನಾಲ್ಕು ಪಂದ್ಯ ಗೆದ್ದವರು ಮುಂದಕ್ಕೆ. ಜೂನ್‌ನಲ್ಲಿ ಕೊನೆಗೆ ಗೆದ್ದವರಿಗೆ ಸ್ಟ್ಯಾನ್ಲಿ ಕಪ್. ಅಂದರೆ ಸುಮಾರು ಎರಡು ತಿಂಗಳು, ಹೆಚ್ಚುಕಡಿಮೆ ದಿನಾ ರಾತ್ರಿ ಆಟ. ಸಮ ಆದರೆ ಗೋಲು ಬೀಳುವ ತನಕ 20 ನಿಮಿಷದ ಓವರ್‌ಟೈಮ್ ಮೇಲೆ ಓವರ್‌ಟೈಮ್. 1936ರಲ್ಲಿ ಡೆಟ್ರಾಯಿಟ್ ಮತ್ತು ಮಾಂಟ್ರಿಯಲ್ ಮರೂನ್ಸ್ ಆರು ಓವರ್‌ಟೈಮ್ ಆಡಿದ್ದವು, ಮುಗಿದಾಗ ರಾತ್ರಿ ಎರಡು ದಾಟಿತ್ತು. ಇಂಥ ಆಟ ನಡುವೆ ನಿಂತರೆ ಹೊಟ್ಟೆ ಉರಿಯುತ್ತೆ ಅಲ್ವಾ?

ಹೋದ ಸಲ ನನಗೂ ಆಯಿತು. ಒಂದು ಆ್ಯಪ್‌ಗೆ, ಹೆಸರು ಬೇಡ ಬಿಡಿ, ಇಡೀ ತಿಂಗಳ ದುಡ್ಡು ಕಟ್ಟಿ, ಮೊಸರನ್ನದ ತಟ್ಟೆ ಹಿಡಿದು ಕೂತರೆ, ಕಪ್ಪು ಪರದೆ ಮೇಲೆ ಒಂದೇ ಸಾಲು: ಈ ಕಾರ್ಯಕ್ರಮ ನಿಮ್ಮ ಪ್ರದೇಶದಲ್ಲಿ ಲಭ್ಯವಿಲ್ಲ. ಸ್ಟೇಡಿಯಂ ನಮ್ಮ ಮನೆಯಿಂದ ಅರ್ಧ ಗಂಟೆ ದಾರಿ! ಹತ್ತಿರ ಇದ್ದೀನಿ ಅನ್ನುವುದೇ ನನ್ನ ತಪ್ಪು. ಇದು ಯಾಕೆ ಹೀಗೆ ಅಂತ ಹುಡುಕುತ್ತಾ ಹೋದರೆ 1972ಕ್ಕೆ ಹೋಗಿ ನಿಲ್ಲಬೇಕಾಯಿತು.

ಅದಕ್ಕೂ ಮುಂಚೆ ಕೇಬಲ್ ಅಂದರೆ ಏನಿತ್ತು? ಪೆನ್ಸಿಲ್ವೇನಿಯಾದಂಥ ಗುಡ್ಡಗಾಡಿನ ಊರುಗಳಿಗೆ ಟಿವಿ ಸಿಗ್ನಲ್ ಬರುತ್ತಿರಲಿಲ್ಲ. ಗುಡ್ಡದ ತುದಿಯಲ್ಲಿ ಒಂದು ದೊಡ್ಡ ಆ್ಯಂಟೆನಾ ನಿಲ್ಲಿಸಿ, ಅಲ್ಲಿಂದ ಮನೆಮನೆಗೆ ವೈರ್ ಎಳೆದರು. ಅಷ್ಟೇ. ನಮ್ಮ ಮಲೆನಾಡಿನಲ್ಲಿ ದೂರದರ್ಶನಕ್ಕೆ ಒಬ್ಬ ಮಾಡು ಹತ್ತಿ ಆ್ಯಂಟೆನಾ ತಿರುಗಿಸುವುದು, ಇನ್ನೊಬ್ಬ ಒಳಗಿಂದ "ಬಂತು, ಬಂತು... ಹೋಯ್ತು!" ಅಂತ ಕೂಗುವುದು ಇತ್ತಲ್ಲ, ಆ ಕಷ್ಟಕ್ಕೆ ಕಂಡುಕೊಂಡ ದಾರಿ ಅದು. ಬಿಟ್ಟಿ ಬರುವ ಚಾನೆಲ್‌ಗಳೇ, ಚೆನ್ನಾಗಿ ಕಾಣಲಿ ಅಂತ ಸ್ವಲ್ಪ ದುಡ್ಡು.

ಅದನ್ನು ಬದಲಿಸಿದವರಲ್ಲಿ ಒಬ್ಬ ಚಾರ್ಲ್ಸ್ ಡೋಲನ್. ನ್ಯೂಯಾರ್ಕಿನ ಮ್ಯಾನ್‌ಹ್ಯಾಟನ್‌ನಲ್ಲಿ ನೆಲದಡಿ ಕೇಬಲ್ ಹಾಕಿ ಕೈ ಸುಟ್ಟುಕೊಂಡಿದ್ದ ಈತ, ಬೇರೆಲ್ಲೂ ಸಿಗದ್ದನ್ನು ಕೊಟ್ಟರೆ ಜನ ದುಡ್ಡು ಕೊಡುತ್ತಾರೆ ಅಂತ ಲೆಕ್ಕ ಹಾಕಿದ. ಹಾಗೆ ಹುಟ್ಟಿದ್ದು ಎಚ್‌ಬಿಒ. ಹೌದು, ಈಗ ನಾವು ಧಾರಾವಾಹಿ ನೋಡುವ ಅದೇ ಎಚ್‌ಬಿಒ. ಮೊದಲು ಪೆನ್ಸಿಲ್ವೇನಿಯಾದ ಅಲೆನ್‌ಟೌನ್‌ನಲ್ಲಿ ಶುರು ಮಾಡಬೇಕು ಅಂತಿತ್ತು. ಆದರೆ ಆ ಊರು ಫಿಲಡೆಲ್ಫಿಯಾದ ಬ್ಯಾಸ್ಕೆಟ್‌ಬಾಲ್ ತಂಡದ ವ್ಯಾಪ್ತಿಗೆ ಬರುತ್ತಿತ್ತು, ಅಲ್ಲಿ ಬ್ಯಾಸ್ಕೆಟ್‌ಬಾಲ್ ತೋರಿಸಿದರೆ ಬ್ಲ್ಯಾಕೌಟ್, ಅಂದರೆ ಆ ಊರಲ್ಲಿ ಪ್ರಸಾರಕ್ಕೆ ತಡೆ, ಆಗಬಹುದು ಅನ್ನುವ ಭಯ. ಹಾಗಾಗಿ ಸ್ವಲ್ಪ ದೂರದ ವಿಲ್ಕ್ಸ್-ಬ್ಯಾರಿ ಅನ್ನುವ ಊರಿಗೆ ಹೋದರು. ಅಂದರೆ ಎಚ್‌ಬಿಒ ಹುಟ್ಟಿದ ಊರನ್ನು ತೀರ್ಮಾನಿಸಿದ್ದೇ "ನಿಮ್ಮ ಪ್ರದೇಶದಲ್ಲಿ ಲಭ್ಯವಿಲ್ಲ" ಅನ್ನುವ ಪೀಡೆ!

1972ರ ನವೆಂಬರ್ 8ರ ರಾತ್ರಿ. ಗಾಳಿಗೆ ಸಿಗ್ನಲ್ ಹಿಡಿಯುವ ಆ್ಯಂಟೆನಾ ಬಿದ್ದುಹೋಗಿ, ಓಡಾಡಿ ಎತ್ತಿ ನಿಲ್ಲಿಸಿದ್ದರು. ನೋಡುವುದಕ್ಕೆ ಇದ್ದ ಚಂದಾದಾರರು 365. ಮೊದಲು ತೋರಿಸಿದ್ದು ಏನು ಗೊತ್ತಾ? ಸಿನಿಮಾ ಅಲ್ಲ. ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್‌ನಿಂದ ನೇರ ಪ್ರಸಾರ, ನ್ಯೂಯಾರ್ಕ್ ರೇಂಜರ್ಸ್ ಮತ್ತು ವ್ಯಾಂಕೂವರ್ ಕ್ಯಾನಕ್ಸ್ ನಡುವಿನ ಹಾಕಿ ಪಂದ್ಯ. ದುಡ್ಡು ಕೊಟ್ಟು ನೋಡುವ ಎಚ್‌ಬಿಒಗೆ ಬೋಣಿ ಮಾಡಿದ್ದೇ ಹಾಕಿ. ಈಗ ನಾವು "ಕೇಬಲ್ ಇಲ್ಲದೆ ಹಾಕಿ ನೋಡೋದು ಹೇಗೆ" ಅಂತ ಕೇಳುವಾಗ ಇದು ನೆನಪಿರಲಿ.

ಲೀಗಿಗೂ ಈ ರುಚಿ ಹತ್ತಿತು. 1985ರಿಂದ ಇಎಸ್‌ಪಿಎನ್ ಪಂದ್ಯ ತೋರಿಸುತ್ತಿತ್ತು, ಕೇಬಲ್ ಇದ್ದ ಹೆಚ್ಚಿನ ಮನೆಗಳಿಗೆ ಬರುತ್ತಿದ್ದ ಕ್ರೀಡಾ ಚಾನೆಲ್. 1988ರಲ್ಲಿ ಸ್ಪೋರ್ಟ್ಸ್‌ಚಾನೆಲ್ ಅಮೆರಿಕ ಅನ್ನುವವರು ಮೂರು ವರ್ಷಕ್ಕೆ ಸುಮಾರು 5.1 ಕೋಟಿ ಡಾಲರ್ ಕೊಡುತ್ತೇವೆ ಅಂದರು. ಲೀಗ್ ಎದ್ದು ಹೊರಟೇಬಿಟ್ಟಿತು. ಅದೇ ವರ್ಷ ಆಗಸ್ಟ್‌ನಲ್ಲಿ ವೇಯ್ನ್ ಗ್ರೆಟ್ಸ್ಕಿ, ಹಾಕಿಯ ಸಚಿನ್ ಅಂದುಕೊಳ್ಳಿ, ಕೆನಡಾದ ಎಡ್ಮಂಟನ್ ತಂಡ ಬಿಟ್ಟು ಲಾಸ್ ಏಂಜಲೀಸ್‌ಗೆ ಬಂದಿದ್ದ. ಅಮೆರಿಕಕ್ಕೆ ಹಾಕಿ ಹುಚ್ಚು ಹಿಡಿಸುವುದಕ್ಕೆ ಅದಕ್ಕಿಂತ ಒಳ್ಳೇ ಕಾಲ ಇರಲಿಲ್ಲ. ಆದರೆ ಹೊಸ ಚಾನೆಲ್ ಇದ್ದದ್ದು ಇಎಸ್‌ಪಿಎನ್‌ಗಿಂತ ಎಷ್ಟೋ ಕಡಿಮೆ ಮನೆಗಳಲ್ಲಿ. ಊರಿಗೆಲ್ಲ ಹಬ್ಬ, ಕದ ಮಾತ್ರ ಮುಚ್ಚಿದೆ. ಸ್ಪೋರ್ಟ್ಸ್‌ಚಾನೆಲ್ ಹಿಂದೆಯೂ ಇದ್ದದ್ದು ಅದೇ ಡೋಲನ್ ಕಟ್ಟಿದ ಕೇಬಲ್ ಕಂಪನಿ ಅನ್ನುವುದು ಬೇರೆ ಮಾತು. 1992ರಲ್ಲಿ ಲೀಗ್ ಇಎಸ್‌ಪಿಎನ್‌ಗೇ ವಾಪಸ್ ಬಂತು.

ಷಿಕಾಗೊ ಕತೆ ಇನ್ನೂ ಮಜಾ. ಬ್ಲ್ಯಾಕ್‌ಹಾಕ್ಸ್ ಮಾಲೀಕ ಬಿಲ್ ವಿರ್ಟ್ಸ್‌ಗೆ ಒಂದು ಹಟ: ಮನೆಯಂಗಳದ ಪಂದ್ಯವನ್ನು ಸ್ಥಳೀಯ ಟಿವಿಯಲ್ಲಿ ತೋರಿಸಿದರೆ ಟಿಕೆಟ್ ಕೊಂಡವರಿಗೆ ಮೋಸ. ಹಾಗಾಗಿ ದಶಕಗಟ್ಟಲೆ ತೋರಿಸಲೇ ಇಲ್ಲ. 1992ರ ಪ್ಲೇಆಫ್‌ನಲ್ಲಿ ಹಾಕ್‌ವಿಷನ್ ಅಂತ ಪಂದ್ಯಕ್ಕಿಷ್ಟು ದುಡ್ಡು ಅನ್ನುವ ಏರ್ಪಾಡು ಮಾಡಿದರು. ಅವರು 2007ರ ಸೆಪ್ಟೆಂಬರ್‌ನಲ್ಲಿ ತೀರಿಕೊಂಡ ಮೇಲೆ ಮಗ ರಾಕಿ ಮೊದಲು ಮಾಡಿದ ಕೆಲಸಗಳಲ್ಲಿ ಒಂದು, ಟಿವಿಗೆ ಪಂದ್ಯ ಕೊಟ್ಟಿದ್ದು. ಷಿಕಾಗೊದ ಹುಡುಗರು ತಮ್ಮ ಊರ ತಂಡ ತಮ್ಮ ಊರಲ್ಲಿ ಆಡುವುದನ್ನು ಪಂದ್ಯಕ್ಕಿಷ್ಟು ಅಂತ ದುಡ್ಡು ಕೊಡದೆ ಮನೆಯಲ್ಲಿ ಕೂತು ನೋಡಿದ್ದು ಹೆಚ್ಚಾಗಿ ಆಮೇಲೆಯೇ.

2004-05ರಲ್ಲಿ ಮಾಲೀಕರಿಗೂ ಆಟಗಾರರಿಗೂ ಸಂಬಳದ ಜಗಳ ಆಗಿ ಇಡೀ ಋತುವೇ ರದ್ದಾಯಿತು. ವಾಪಸ್ ಬರುವ ಹೊತ್ತಿಗೆ ಇಎಸ್‌ಪಿಎನ್ ಕೈ ಬಿಟ್ಟಿತ್ತು. ಆಗ ಸಿಕ್ಕಿದ್ದು ಓಎಲ್‌ಎನ್, ಬೇಟೆ, ಮೀನು ಹಿಡಿಯುವುದು, ಸೈಕಲ್ ರೇಸ್ ತೋರಿಸುತ್ತಿದ್ದ ಚಾನೆಲ್. ಮುಂದಿನ ವರ್ಷ ಅದರ ಹೆಸರು ವರ್ಸಸ್ ಆಯಿತು, 2012ರಲ್ಲಿ ಎನ್‌ಬಿಸಿ ಸ್ಪೋರ್ಟ್ಸ್ ನೆಟ್‌ವರ್ಕ್ ಆಯಿತು, 2021ರ ಕೊನೆಯ ದಿನ ಮುಚ್ಚಿಯೇ ಹೋಯಿತು. ಆ ವರ್ಷಗಳಲ್ಲಿ ವಾರಾಂತ್ಯದ ಪಂದ್ಯದಂಥ ಕೆಲವು ಮಾತ್ರ ಎನ್‌ಬಿಸಿಯಲ್ಲಿ ಬರುತ್ತಿದ್ದವು, ಅಂದರೆ ಆ್ಯಂಟೆನಾ ಇದ್ದರೆ ಬಿಟ್ಟಿ.

ಆ ಬಿಟ್ಟಿಗೆ ಎಷ್ಟು ಬೆಲೆ ಅನ್ನುವುದು ಗೊತ್ತಾಗಿದ್ದು 2007ರ ಮೇ ತಿಂಗಳ ಒಂದು ಶನಿವಾರ. ಬಫಲೊದಲ್ಲಿ ಒಟ್ಟಾವದ ಸೆನೆಟರ್ಸ್ ಮತ್ತು ಆ ಊರಿನದೇ ಸೇಬರ್ಸ್, ಸೆಮಿಫೈನಲ್ ಅನ್ನಬಹುದಾದ ಸರಣಿಯ ಐದನೇ ಪಂದ್ಯ. ಸೋತರೆ ಬಫಲೊ ಮನೆಗೆ. ಮೂರು ಅವಧಿ ಮುಗಿದು ಆಟ ಸಮ. ಎಲ್ಲರೂ ಉಸಿರು ಬಿಗಿಹಿಡಿದು ಓವರ್‌ಟೈಮ್‌ಗೆ ಕಾಯುತ್ತಿದ್ದಾರೆ. ಎನ್‌ಬಿಸಿ ಏನು ಮಾಡಿತು ಅಂದರೆ, ಬಾಲ್ಟಿಮೋರ್‌ನ ಪ್ರೀಕ್‌ನೆಸ್ ಕುದುರೆ ರೇಸಿಗೆ ಹೊರಟುಹೋಯಿತು. ರೇಸಿಗೂ ಅಲ್ಲ, ರೇಸಿನ ಮುಂಚಿನ ಮಾತುಕತೆಗೆ! ಕುದುರೆ ಓಡುವುದು ಎರಡೇ ನಿಮಿಷ. ಓವರ್‌ಟೈಮ್ ವರ್ಸಸ್ ಚಾನೆಲ್‌ಗೆ ಹೋಯಿತು. ಕೇಬಲ್ ಇದ್ದವರು ರಿಮೋಟ್ ಹುಡುಕಿದರು, ಇಲ್ಲದವರು ಕುದುರೆ ನೋಡಿದರು. ಗೋಲು ಹೊಡೆದು ಒಟ್ಟಾವವನ್ನು ಫೈನಲ್‌ಗೆ ಒಯ್ದದ್ದು ಡೇನಿಯಲ್ ಆಲ್ಫ್ರೆಡ್‌ಸನ್. ಹಾಕಿಯವರು ಇವತ್ತಿಗೂ ಇದನ್ನು ಮರೆತಿಲ್ಲ.

ಕೆನಡಾದಲ್ಲಿ ಈ ಗೋಳು ಕಡಿಮೆ. ಅಲ್ಲಿ 1952ರಿಂದ ಶನಿವಾರ ರಾತ್ರಿ ಅಂದರೆ ಸಿಬಿಸಿಯ ಹಾಕಿ, ಸರ್ಕಾರಿ ಚಾನೆಲ್, ನಮ್ಮ ಭಾನುವಾರದ ದೂರದರ್ಶನದ ಹಾಗೆ ಮನೆಮಂದಿಯೆಲ್ಲ ಕೂರುವುದು. 2013ರಲ್ಲಿ ರೋಜರ್ಸ್ ಕಂಪನಿ 12 ವರ್ಷಕ್ಕೆ 520 ಕೋಟಿ ಕೆನಡಿಯನ್ ಡಾಲರ್ ಕೊಟ್ಟು ಹಕ್ಕನ್ನೆಲ್ಲ ಬಾಚಿಕೊಂಡಿತು. 2025ರಲ್ಲಿ ಮತ್ತೆ 12 ವರ್ಷಕ್ಕೆ 1,100 ಕೋಟಿ. ಆದರೂ 2025-26ರಲ್ಲೂ ಸಿಬಿಸಿಯಲ್ಲಿ ಹಾಕಿ ಬರುವುದು ನಿಂತಿರಲಿಲ್ಲ, ಕೆನಡಾದಲ್ಲಿ ಇರುವವರು ಅದರ ಜೆಮ್ ಆ್ಯಪ್‌ನಲ್ಲೂ ನೋಡಬಹುದಿತ್ತು. 2008ರಲ್ಲಿ ಪಂಜಾಬಿ ಕಾಮೆಂಟರಿಯೂ ಶುರುವಾಯಿತು. 2016ರ ಫೈನಲ್‌ನ ಮೊದಲ ಪಂದ್ಯದಲ್ಲಿ ಪಿಟ್ಸ್‌ಬರ್ಗ್‌ನ ನಿಕ್ ಬೊನೀನೊ ಗೋಲು ಹೊಡೆದಾಗ ಹರ್ನಾರಾಯಣ್ ಸಿಂಗ್ "ಬೊನೀನೊ ಬೊನೀನೊ ಬೊನೀನೊ" ಅಂತ ಕೂಗಿದ್ದು ಎರಡೂ ದೇಶದಲ್ಲಿ ಹರಿದಾಡಿತು. ಬ್ರಾಂಪ್ಟನ್‌ನಲ್ಲಿರುವ ನಮ್ಮ ಕನ್ನಡದವರು ಯಾರಾದರೂ ಮನಸ್ಸು ಮಾಡಿದರೆ ಚೆನ್ನಾಗಿತ್ತು, ಸುಮ್ನೆ ಹೇಳಿದೆ.

ಇನ್ನು ಇಂಟರ್ನೆಟ್. ಜನ ಕೇಬಲ್ ಕಿತ್ತುಹಾಕುವುದಕ್ಕೆ ಕಾರಣ ಬೇಕಾದಷ್ಟಿದ್ದವು. ಒಂದು ಹಾಕಿ ಚಾನೆಲ್‌ಗಾಗಿ ನೋಡದ ನೂರು ಚಾನೆಲ್‌ಗೆ ದುಡ್ಡು ಕಟ್ಟಬೇಕಿತ್ತು. 2011ರಲ್ಲಿ ಸುಮಾರು 10 ಕೋಟಿ ಮನೆಗಳಲ್ಲಿದ್ದ ಇಎಸ್‌ಪಿಎನ್ ಅಲ್ಲಿಂದ ಇಳಿಯುತ್ತಲೇ ಬಂತು. 2015ರಲ್ಲಿ ಸ್ಲಿಂಗ್ ಟಿವಿ ತಿಂಗಳಿಗೆ 20 ಡಾಲರ್‌ಗೆ ಇಂಟರ್ನೆಟ್ ಮೇಲೆ ಚಾನೆಲ್ ಕೊಡಲು ಶುರು ಮಾಡಿತು, 2017ರಲ್ಲಿ ಯೂಟ್ಯೂಬ್ ಟಿವಿ 35 ಡಾಲರ್‌ಗೆ. ಎಲ್ಲರೂ ಕುಣಿದಾಡಿದರು. 2025ರ ಹೊತ್ತಿಗೆ ಅದೇ ಯೂಟ್ಯೂಬ್ ಟಿವಿ 82.99 ಡಾಲರ್. ವೈರ್ ಹೋಯಿತು, ಬಿಲ್ ಉಳಿಯಿತು. ಕೇಬಲ್ ಕಾಲದ ಜಗಳವೂ ಬಂತು: 2009ರಲ್ಲಿ ಡಿಶ್ ಮೂಲಕ ಚಾನೆಲ್ ಕೊಡುವ ಡೈರೆಕ್‌ಟಿವಿಯವರಿಗೂ ವರ್ಸಸ್‌ಗೂ ಆಗದೆ ಆರು ತಿಂಗಳು ಚಾನೆಲ್ ಕಾಣೆಯಾಗಿತ್ತು, 2025ರ ಅಕ್ಟೋಬರ್ ಕೊನೆಯಲ್ಲಿ ಯೂಟ್ಯೂಬ್ ಟಿವಿಗೂ ಡಿಸ್ನಿಗೂ ಆಗದೆ ಎರಡು ವಾರ ಡಿಸ್ನಿಯ ಇಎಸ್‌ಪಿಎನ್, ಎಬಿಸಿ ಎರಡೂ ಕಾಣೆ.

ಲೀಗಿನದ್ದೇ ಸ್ಟ್ರೀಮಿಂಗ್ ಇತ್ತಲ್ಲ ಅಂತ ಕೇಳಬಹುದು. ಇತ್ತು, ಎನ್‌ಎಚ್‌ಎಲ್ ಟಿವಿ. ದೂರದೂರಿನ ತಂಡದ ಪಂದ್ಯವನ್ನು ಇಡೀ ಚಳಿಗಾಲ ನೋಡಬಹುದಿತ್ತು. ಪ್ಲೇಆಫ್ ಬಂತೋ, ಅಮೆರಿಕದಲ್ಲಿ ಪರದೆ ಕಪ್ಪು, ಯಾಕೆಂದರೆ ರಾಷ್ಟ್ರೀಯ ಹಕ್ಕು ಬೇರೆಯವರಿಗೆ ಮಾರಿ ಆಗಿತ್ತು. ಈಗ ಅದು ಇಎಸ್‌ಪಿಎನ್ ಒಳಗೆ ಸೇರಿಕೊಂಡಿದೆ, ಆ ನಿಯಮ ಮಾತ್ರ ಹಾಗೇ ಇದೆ. ಹೊಸದಾಗಿ ಬಂದವರು ಎಡವುವುದು ಇಲ್ಲೇ ಜಾಸ್ತಿ.

ಈಗಿನ ಒಪ್ಪಂದ 2021ರದ್ದು, ಏಳು ಋತುವಿಗೆ. ಅರ್ಧ ಡಿಸ್ನಿಗೆ, ಅಂದರೆ ಎಬಿಸಿ ಮತ್ತು ಇಎಸ್‌ಪಿಎನ್. ಅರ್ಧ ಟರ್ನರ್‌ಗೆ, ಅಂದರೆ ಟಿಎನ್‌ಟಿ ಮತ್ತು ಅದರ ತಂಗಿ ಚಾನೆಲ್‌ಗಳು. ಫೈನಲ್ ವರ್ಷ ಬಿಟ್ಟು ವರ್ಷ: ಸಮ ಸಂಖ್ಯೆಯ ವರ್ಷ ಎಬಿಸಿ, ಬೆಸ ವರ್ಷ ಟಿಎನ್‌ಟಿ. 2023ರ ಫೈನಲ್ ಪೂರ್ತಿ ಟಿಎನ್‌ಟಿಯಲ್ಲಿ ಬಂದಾಗ ಕೇಬಲ್ ಇಲ್ಲದವರಿಗೆ ದೊಡ್ಡ ಪೆಟ್ಟು ಬಿತ್ತು. ಆ್ಯಂಟೆನಾಗೆ ಒಂದು ಪಂದ್ಯವೂ ಸಿಗದ ಫೈನಲ್ 1994ರ ನಂತರ ಅದೇ ಮೊದಲು.

ಮೊದಲ ಸುತ್ತಿನಲ್ಲಿ ಮಾತ್ರ ಸ್ಥಳೀಯ ಚಾನೆಲ್‌ಗಳೂ ತಮ್ಮ ಊರ ತಂಡವನ್ನು ತೋರಿಸಬಹುದು, ಎಬಿಸಿಗೆ ಹೋದ ಪಂದ್ಯ ಬಿಟ್ಟು. ಆ ಸ್ಥಳೀಯ ಲೋಕವೇ ಕುಸಿದಿದೆ. ಬ್ಯಾಲಿ ಸ್ಪೋರ್ಟ್ಸ್ ಚಾನೆಲ್‌ಗಳನ್ನು ನಡೆಸುತ್ತಿದ್ದ ಕಂಪನಿ 2023ರ ಮಾರ್ಚ್‌ನಲ್ಲಿ ದಿವಾಳಿ ಅರ್ಜಿ ಹಾಕಿತು. ಸ್ಥಳೀಯ ಚಾನೆಲ್‌ಗಳ ಈ ಕುಸಿತದಿಂದ ಒಂದು ಒಳ್ಳೇದೂ ಆಯಿತು. ಲಾಸ್ ವೇಗಸ್ ಮತ್ತು ಫ್ಲೋರಿಡಾ ತಂಡಗಳು ಆ್ಯಂಟೆನಾಗೆ ಸಿಗುವ ಚಾನೆಲ್‌ಗೆ ಬಂದವು, ಡಲ್ಲಾಸ್ ಸ್ಟಾರ್ಸ್ 2024ರಲ್ಲಿ ವಿಕ್ಟರಿ ಪ್ಲಸ್ ಅನ್ನುವ ಪೂರ್ತಿ ಬಿಟ್ಟಿ ಆ್ಯಪ್‌ಗೆ ಹೋಯಿತು. ಐವತ್ತು ವರ್ಷ ಸುತ್ತಿ ಮತ್ತೆ ಬಿಟ್ಟಿಗೆ!

ಹಾಗಾದರೆ ಈಗ ಏನು ಮಾಡುವುದು? ಮೊದಲು ಒಂದು ಆ್ಯಂಟೆನಾ ತಗೊಳ್ಳಿ. ಕಿಟಕಿಗೆ ಅಂಟಿಸುವ ಕಾಗದದಂಥದ್ದು ಸಿಗುತ್ತೆ, ಒಂದೇ ಸಲದ ಖರ್ಚು, ಎಬಿಸಿ ಬರುತ್ತೆ. ನಾನು ಅಡುಗೆಮನೆ ಕಿಟಕಿಗೆ ಅಂಟಿಸಿದ್ದೇನೆ, ಯಾರಾದರೂ ಮೈಕ್ರೋವೇವ್ ಹಾಕಿದರೆ ಚಿತ್ರ ಚೂರಾಗುತ್ತೆ, ಅಷ್ಟು ಬಿಟ್ಟರೆ ತೊಂದರೆ ಇಲ್ಲ. ಇಎಸ್‌ಪಿಎನ್ ಪಂದ್ಯಕ್ಕೆ 2025ರ ಆಗಸ್ಟ್ ತನಕ ಕೇಬಲ್ ಥರದ ಏನಾದರೊಂದು ಬೇಕೇ ಬೇಕಿತ್ತು. ಆಗ ಅವರು ತಿಂಗಳಿಗೆ 29.99 ಡಾಲರ್‌ಗೆ ನೇರವಾಗಿ ಕೊಡಲು ಶುರು ಮಾಡಿದರು. ಹಳೇ ಇಎಸ್‌ಪಿಎನ್ ಪ್ಲಸ್ ಇದೆ ಅಂತ ಸುಮ್ಮನಿರಬೇಡಿ, ಅದು ಬೇರೆ, ಇದು ಬೇರೆ. ಟಿಎನ್‌ಟಿ ಪಂದ್ಯಗಳು ಎಚ್‌ಬಿಒ ಮ್ಯಾಕ್ಸ್‌ನಲ್ಲಿ ಬರುತ್ತವೆ, ಜಾಹೀರಾತು ಇರುವ ಅಗ್ಗದ ಪ್ಲಾನ್‌ನಲ್ಲಿ ಅಲ್ಲ, ಅದರ ಮೇಲಿನದ್ದರಲ್ಲಿ. ಹೌದು, ಅದೇ ಎಚ್‌ಬಿಒ. 365 ಮನೆಗೆ ಹಾಕಿ ತೋರಿಸಿ ಕೇಬಲ್ ಮಾರಿದವರ ಹೆಸರಲ್ಲೇ ಈಗ ಕೇಬಲ್ ಇಲ್ಲದೆ ಹಾಕಿ ನೋಡುತ್ತಿದ್ದೇವೆ.

ವಿಪಿಎನ್ ಹಾಕಿ ಕೆನಡಾದಲ್ಲಿ ಇದ್ದ ಹಾಗೆ ನಟಿಸುವವರೂ ಇದ್ದಾರೆ. ಅದು ಆ್ಯಪ್‌ಗಳ ನಿಯಮಕ್ಕೆ ವಿರುದ್ಧ, ಮತ್ತೆ ಸರಿಯಾಗಿ ಓವರ್‌ಟೈಮ್‌ನಲ್ಲೇ ಸಿಕ್ಕಿಬೀಳುತ್ತೆ. ಕಳ್ಳ ಲಿಂಕ್‌ಗಳ ಬಗ್ಗೆ ಹೇಳುವುದೇ ಬೇಡ, ಗೋಲಿಗಿಂತ ಜಾಸ್ತಿ ವೈರಸ್.

ಎಲ್ಲವನ್ನೂ ಎರಡು ತಿಂಗಳು ಇಟ್ಟುಕೊಳ್ಳಬೇಕಿಲ್ಲ. ಮೊದಲ ಎರಡು ಸುತ್ತು ಎರಡೂ ಕಡೆ ಹಂಚಿಹೋಗಿರುತ್ತವೆ, ಆಗ ಎರಡೂ ಬೇಕಾಗಬಹುದು. ಮೂರನೇ ಸುತ್ತಿನಲ್ಲಿ ಒಂದೊಂದು ಸರಣಿ ಒಬ್ಬೊಬ್ಬರ ಕಡೆ, ನಿಮ್ಮ ತಂಡ ಯಾವ ಕಡೆ ಇದೆಯೋ ಅದನ್ನು ಮಾತ್ರ ಇಟ್ಟುಕೊಳ್ಳಿ. ಸಮ ವರ್ಷವಾದರೆ ಫೈನಲ್‌ಗೆ ಕಿಟಕಿಯ ಆ್ಯಂಟೆನಾವೇ ಸಾಕು. ಕಪ್ ಎತ್ತಿದ ರಾತ್ರಿಯೇ ಮರೆಯದೆ ಕ್ಯಾನ್ಸಲ್ ಒತ್ತಿ, ಇಲ್ಲದಿದ್ದರೆ ಜುಲೈ ತಿಂಗಳ ದುಡ್ಡೂ ಕಟ್ ಆಗುತ್ತೆ. ನನ್ನದು ಎರಡು ಸಲ ಆಗಿದೆ.