ಯುದ್ಧ ತೋರಿಸಲು ಹೋದ ಕ್ಯಾಮೆರಾ ಡೇರೆಗಳ ನಡುವೆಯೇ ಉಳಿದದ್ದು ಯಾಕೆ?

1898ರಲ್ಲಿ ಕ್ಯೂಬಾ ವಿಚಾರಕ್ಕೆ ಅಮೆರಿಕ ಮತ್ತು ಸ್ಪೇನ್ ನಡುವೆ ಯುದ್ಧ ಶುರುವಾಯಿತು. ಸಿನಿಮಾ ಆಗಿನ್ನೂ ಕೂಸು. ಆದರೂ ಯುದ್ಧವನ್ನು ತೆರೆಯ ಮೇಲೆ ನೋಡುವ ಆಸೆ ಜನರಿಗೆ. ಸಿನಿಮಾ ತೆಗೆಯುತ್ತಿದ್ದ ಎಡಿಸನ್ ಕಂಪನಿಗಾಗಿ ವಿಲಿಯಂ ಪೇಲಿ ಎಂಬ ಕ್ಯಾಮೆರಾಮನ್ ಫ್ಲಾರಿಡಾಕ್ಕೆ ಹೋದರು. ಕ್ಯೂಬಾಕ್ಕೆ ಹೊರಡಬೇಕಿದ್ದ ಸೈನ್ಯ ಅಲ್ಲಿನ ಟ್ಯಾಂಪಾದಲ್ಲಿ ಬೀಡುಬಿಟ್ಟು ಹಡಗಿಗಾಗಿ ಕಾಯುತ್ತಿತ್ತು.

ಅಲ್ಲಿ ಕದನ ಎಲ್ಲಿಂದ ಬರಬೇಕು? ಸಿಕ್ಕಿದ್ದು ಸಾಲು ಡೇರೆಗಳು, ರೈಲಿನಿಂದ ಇಳಿಯುವ ದಂಡು, ಊಟ ಮುಗಿಸಿ ತಟ್ಟೆ ತೊಳೆಯುವ ಸೈನಿಕರು. ಕಪ್ಪು ಸೈನಿಕರ ಪಡೆಯೊಂದು ಹಡಗಿನಿಂದ ಇಳಿದು ಬರುವುದೂ ಇದೆ. ಇನ್ನೊಂದು ರೀಲಿನಲ್ಲಿ ಹೊಸದಾಗಿ ಸೇರಿದವನನ್ನು ಕಂಬಳಿಗೆ ಹಾಕಿ ಮೇಲಕ್ಕೆ ಚಿಮ್ಮಿಸುತ್ತಾರೆ, ಹಾಸ್ಟೆಲ್‌ಗಳಲ್ಲಿ ಸೀನಿಯರ್‌ಗಳು ಕಾಡುತ್ತಾರಲ್ಲ, ಹಾಗೆ. ಇಂಥ ತುಣುಕುಗಳು ಓಡುತ್ತಿದ್ದುದು ಹೆಚ್ಚೆಂದರೆ ಒಂದೆರಡು ನಿಮಿಷ.

ಕ್ಯಾಮೆರಾಮನ್‌ಗಳಿಗೆ ಧೈರ್ಯ ಇರಲಿಲ್ಲ ಅಂತಲ್ಲ. ಕ್ಯಾಮೆರಾವನ್ನು ಸ್ಟ್ಯಾಂಡ್ ಮೇಲೆ ನಿಲ್ಲಿಸಿಯೇ ತೆಗೆಯಬೇಕಿತ್ತು. 1899ರಲ್ಲಿ ದಕ್ಷಿಣ ಆಫ್ರಿಕಾದ ಬೋಯರ್ ಯುದ್ಧಕ್ಕೆ ಹೋದ ಕ್ಯಾಮೆರಾಮನ್ ಡಿಕ್ಸನ್ ಅವರ ಬಯೋಗ್ರಾಫ್ ಎಂಬ ಕ್ಯಾಮೆರಾ ಎಷ್ಟು ಭಾರವೆಂದರೆ, ಸಾಗಿಸಲು ಗಾಡಿಯೇ ಬೇಕಿತ್ತು. ಅಷ್ಟರಲ್ಲಿ ಹೊಗೆ ಬಾರದ ಮದ್ದು, ದೂರಕ್ಕೆ ಹೊಡೆಯುವ ಬಂದೂಕು ಬಂದಿದ್ದವು. ಗುಂಡು ಯಾವ ಕಡೆಯಿಂದ ಬಂತು ಎಂದು ಸೈನಿಕನಿಗೇ ಕಾಣದಿದ್ದಾಗ, ಲೆನ್ಸಿಗೆ ಏನು ಕಾಣಬೇಕು?

ಹಾಗಾಗಿ ಕದನಗಳನ್ನು ಸುಮ್ನೆ ಕಟ್ಟಿ ತೋರಿಸಿದರು. ಸ್ಪೇನ್ ಸೈನಿಕರು ಕ್ಯೂಬಾದ ಬಂಡಾಯಗಾರರಿಗೆ ಗುಂಡಿಕ್ಕುವ ದೃಶ್ಯವನ್ನು ಎಡಿಸನ್ ಕಂಪನಿ ಅಮೆರಿಕದ ನ್ಯೂಜೆರ್ಸಿಯಲ್ಲೇ ತೆಗೆಯಿತು. ಮುಂದೆ ಮೊದಲ ಮಹಾಯುದ್ಧದಲ್ಲೂ ಹಾಗೇ ಆಯಿತು. 1916ರಲ್ಲಿ ಫ್ರಾನ್ಸ್‌ನಲ್ಲಿ ನಡೆದ ಸೋಮ್ ಕದನದ ಚಿತ್ರದಲ್ಲಿ ಸೈನಿಕರು ಕಂದಕದಿಂದ ಮೇಲೆದ್ದು ನುಗ್ಗುವ ಪ್ರಸಿದ್ಧ ದೃಶ್ಯ ತರಬೇತಿ ಕೇಂದ್ರವೊಂದರಲ್ಲಿ ತೆಗೆದದ್ದು. 1915ರಲ್ಲಿ ಗಿರ್ಡ್‌ವುಡ್ ಎಂಬ ಛಾಯಾಗ್ರಾಹಕ ಫ್ರಾನ್ಸ್‌ನಲ್ಲಿ ಭಾರತೀಯ ಸೈನಿಕರನ್ನು ಚಿತ್ರಿಸಿದಾಗಲೂ ಕದನದ ದೃಶ್ಯಗಳನ್ನು ಆಡಿಸಿಯೇ ತೆಗೆದರು.

ಅದಕ್ಕೇ ನನಗೆ ಈ ಬಿಡಾರದ ದೃಶ್ಯಗಳ ಮೇಲೆ ನಂಬಿಕೆ ಜಾಸ್ತಿ. ಇಲ್ಲೂ ಕ್ಯಾಮೆರಾ ನೋಡಿ ನಗುವವರಿದ್ದಾರೆ, ಮೈ ನೆಟ್ಟಗೆ ಮಾಡುವವರಿದ್ದಾರೆ. ಆದರೆ ತಟ್ಟೆ ನಿಜ, ಕೆಲಸ ನಿಜ, ಆ ಮುಖಗಳೂ ನಿಜ. ಅವರಲ್ಲಿ ಎಷ್ಟು ಜನ ವಾಪಸ್ ಬಂದರೋ ಗೊತ್ತಿಲ್ಲ.

ಇವು ಉಳಿದದ್ದಕ್ಕೆ ಕಾರಣ ಒಂದು ಕಾನೂನು. 1912ರವರೆಗೆ ಅಮೆರಿಕದ ಕಾಪಿರೈಟ್ ಕಾಯ್ದೆಯಲ್ಲಿ ಸಿನಿಮಾಕ್ಕೆ ಜಾಗವಿರಲಿಲ್ಲ, ಫೋಟೊಗೆ ಇತ್ತು. ಹಾಗಾಗಿ ಕಂಪನಿಗಳು ಇಡೀ ರೀಲನ್ನು ಫೋಟೊಗಳಂತೆ ಉದ್ದನೆಯ ಕಾಗದದ ಮೇಲೆ ಅಚ್ಚು ಹಾಕಿ ಕಾಪಿರೈಟ್‌ಗಾಗಿ ಕೊಟ್ಟವು. ಆ ಕಾಲದ ನೈಟ್ರೇಟ್ ಫಿಲ್ಮ್ ಬೇಗ ಹಾಳಾಗುತ್ತಿತ್ತು, ಬೆಂಕಿಗೂ ಬೀಳುತ್ತಿತ್ತು. ಕಾಗದ ಉಳಿಯಿತು. 1950ರ ದಶಕದಿಂದ ಅದನ್ನು ಮತ್ತೆ ಫಿಲ್ಮಿಗೆ ಇಳಿಸಿದರು. ಟ್ಯಾಂಪಾದ ಆ ತುಣುಕುಗಳನ್ನು ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್‌ನ ಜಾಲತಾಣದಲ್ಲಿ ಈಗ ಯಾರು ಬೇಕಾದರೂ ದುಡ್ಡಿಲ್ಲದೆ ನೋಡಬಹುದು.